ಅಟ್ಟ ಹತ್ತಿದ ಒಗ್ಗರಣೆ ಸೌಟು

ನಮ್ಮ ಮನೆಯ ಒಗ್ಗರಣೆ ಸೌಟು ವರ್ಷಕ್ಕೆ ನಾಲ್ಕೈದು ಸಲ ಅಟ್ಟ ಹತ್ತುತ್ತಿತ್ತು. ಉದ್ದ ಹಿಡಿಯ ಪುಟ್ಟ ಕಬ್ಬಿಣದ ಸೌಟು ಅದು, ಒಲೆಯ ಉರಿಗೆ ತಳವೆಲ್ಲ ಮಸಿ ಹಿಡಿದದ್ದು. ರೇಷ್ಮೆಹುಳು ಕೊನೆಯ ಜ್ವರದಿಂದ ಎದ್ದವು ಎಂದು ತಾತ ಹೇಳಿದ ಕೂಡಲೇ ಅಜ್ಜಿ ಅದನ್ನು ಬೂದಿ ಹಾಕಿ ಉಜ್ಜಿ ತೊಳೆದು, ಮಣೆಯ ಮೇಲೆ ನಿಂತು, ಅಡುಗೆಮನೆಯ ಅಟ್ಟಕ್ಕೆ ಸೇರಿಸಿಬಿಡುತ್ತಿದ್ದಳು. ಜ್ವರವೆಂದರೆ ಕಾಯಿಲೆಯಲ್ಲ. ಹುಳು ಪೊರೆ ಬಿಡುವ ಮುಂಚೆ ಸೊಪ್ಪು ಮುಟ್ಟದೆ ತಲೆಯೆತ್ತಿ ಸುಮ್ಮನೆ ಕೂರುತ್ತದಲ್ಲ, ಅದಕ್ಕೆ ನಮ್ಮ ಕಡೆ ಜ್ವರ ಅನ್ನುತ್ತಾರೆ. ಅಂಥ ನಾಲ್ಕು ಜ್ವರ ಕಳೆದ ಹುಳು ಹಗಲು ರಾತ್ರಿಯೆನ್ನದೆ ತಿಂದು, ಮೈ ಹಳದಿಗೆ ತಿರುಗಿ ಹಣ್ಣಾಗಿ, ಆಮೇಲೆ ಚಂದ್ರಿಕೆ ಎಂಬ ಬಿದಿರಿನ ತಟ್ಟಿಯಲ್ಲಿ ಗೂಡು ಕಟ್ಟುತ್ತದೆ. ಹುಳುವೆಲ್ಲ ಚಂದ್ರಿಕೆಗೆ ಹೋದ ಮೇಲೆಯೇ ಸೌಟು ಕೆಳಗಿಳಿಯುತ್ತಿದ್ದುದು. ಅಲ್ಲಿಯ ತನಕ ಮನೆಯಲ್ಲಿ ಸಾಸಿವೆ ಸಿಡಿಯುವಂತಿಲ್ಲ, ಒಣಮೆಣಸಿನಕಾಯಿಯ ಘಾಟು ಏಳುವಂತಿಲ್ಲ. ಒಗ್ಗರಣೆಯ ವಾಸನೆ ತಗಲಿದರೆ ಹುಳು ಸೊಪ್ಪು ಬಿಡುತ್ತದೆ, ಸೊಪ್ಪು ಬಿಟ್ಟ ಹುಳು ಗೂಡು ಕಟ್ಟದೆ ಕೊಳೆತು ಹೋಗುತ್ತದೆ ಎಂದು ಎಲ್ಲರೂ ನಂಬಿದ್ದರು. ಯಾರು ಮೊದಲು ಹೇಳಿದರೋ ಗೊತ್ತಿಲ್ಲ. ನಾನು ಹುಟ್ಟುವ ಹೊತ್ತಿಗೆ ಅದು ಸೂರ್ಯ ಪೂರ್ವಕ್ಕೆ ಹುಟ್ಟುವಷ್ಟೇ ಖಾತ್ರಿಯ ಸಂಗತಿಯಾಗಿತ್ತು.

ನಾನು ಬದುಕಿನುದ್ದಕ್ಕೂ ಮಾಡಿದ ಕೆಲಸವೆಂದರೆ ಆರ್ಥಿಕ ಚಿಂತನೆಯ ಚರಿತ್ರೆ ಓದಿದ್ದು, ಅದನ್ನೇ ಪಾಠ ಹೇಳಿದ್ದು, ಅದರ ಬಗ್ಗೆಯೇ ಬರೆದದ್ದು. ಇದನ್ನು ನೆಂಟರಿಗೆ ವಿವರಿಸುವುದು ದೊಡ್ಡ ಪಾಡು. ಅರ್ಥಶಾಸ್ತ್ರದ ಮೇಡಂ ಎಂದು ತಿಳಿದ ತಕ್ಷಣ ಚಿನ್ನ ಈಗ ಕೊಳ್ಳಬಹುದಾ, ಇನ್ನೂ ಇಳಿಯುತ್ತದಾ ಎಂದು ಕೇಳುತ್ತಾರೆ. ಅದು ನನಗೆ ಯಾವತ್ತೂ ಗೊತ್ತಾಗಿಲ್ಲ. ಬದುಕು ಹೇಗೆ ಸಾಗುತ್ತದೆ, ಸಂಪತ್ತು ಎಲ್ಲಿಂದ ಹುಟ್ಟುತ್ತದೆ ಎಂಬುದರ ಬಗ್ಗೆ ಹಿಂದಿನವರು ಏನು ನಂಬಿದ್ದರು, ಯಾಕೆ ನಂಬಿದ್ದರು, ಆ ನಂಬಿಕೆ ಕಣ್ಣೆದುರಿಗೇ ಸುಳ್ಳಾದಾಗ ಏನು ಮಾಡಿದರು ಎನ್ನುವುದಷ್ಟೇ ನನ್ನ ಆಸಕ್ತಿ. ಇಂಥ ಹುಚ್ಚು ಎಲ್ಲಿಂದ ಹತ್ತಿತು ಎಂದು ಕೇಳಿದವರಿಗೆಲ್ಲ ಕಾಲೇಜು, ಲೈಬ್ರರಿ, ಗುರುಗಳು ಎಂದು ಏನೇನೋ ಹೇಳುತ್ತ ಬಂದಿದ್ದೇನೆ. ನಿಜಕ್ಕೂ ಅದು ಹತ್ತಿದ್ದು ಆ ಸೌಟಿನಿಂದ.

ಶಿಡ್ಲಘಟ್ಟದಿಂದ ಚಿಂತಾಮಣಿ ಕಡೆಗೆ ಹೋಗುವ ದಾರಿಯಲ್ಲಿ ಬಸ್ಸಿಳಿದು ಒಳಗೆ ನಡೆದರೆ ನಮ್ಮೂರು. ಮನೆಯಲ್ಲಿ ದೊಡ್ಡದು ಅಂತ ಇದ್ದದ್ದು ನಡುಮನೆಯೊಂದೇ. ಅದು ನಮ್ಮದಲ್ಲ, ಹುಳುವಿನದು. ಗೋಡೆಗೊತ್ತಿ ಬಿದಿರಿನ ತಟ್ಟೆಗಳು ಒಂದರ ಮೇಲೊಂದು ಸೂರಿನ ತನಕ ಇರುತ್ತಿದ್ದವು. ನಾವು ಮಿಕ್ಕ ಜಾಗದಲ್ಲಿ ಬಾಳುತ್ತಿದ್ದೆವು. ತಾತ ಮತ್ತು ಅಪ್ಪ ಜಗಲಿಯ ಮೇಲೆ, ಅಮ್ಮ ಮತ್ತು ನಾನು ಅಡುಗೆಮನೆಯ ಪಕ್ಕದ ಕಾಳಿನ ಕೋಣೆಯಲ್ಲಿ, ಅಜ್ಜಿ ಹುಳುವಿನ ಬಾಗಿಲಿಗೆ ಅಡ್ಡವಾಗಿ ಚಾಪೆ ಹಾಕಿಕೊಂಡು. ಚಿಕ್ಕಪ್ಪನ ಮದುವೆಯಾದ ಮೇಲೆ ದನದ ಕೊಟ್ಟಿಗೆಯ ಒಂದು ಮೂಲೆಗೆ ಗೋಡೆ ಎಬ್ಬಿಸಿ, ಸುಣ್ಣ ಬಳಿದು, ಅವನಿಗೊಂದು ಕೋಣೆ ಮಾಡಿಕೊಟ್ಟರು. ಹೊಸ ಮದುವಣಗಿತ್ತಿಗೆ ಬೆಳಗಾಗುತ್ತಿದ್ದುದೇ ಪಕ್ಕದ ಎಮ್ಮೆಯ ಉಸಿರು ಕೇಳಿಸಿಕೊಂಡು.

ತಾತ ಊಟಕ್ಕೆ ಕೂತರೆಂದರೆ ಅಮ್ಮನ ಕೈಕಾಲು ಆಡುತ್ತಿರಲಿಲ್ಲ. ಮುದ್ದೆ ಕೈಗೆ ಸುಡಬೇಕು, ಸಾರು ತಟ್ಟೆಗೆ ಬೀಳುವಾಗ ಮೇಲಿನ ಒಗ್ಗರಣೆ ಇನ್ನೂ ಚುರುಗುಟ್ಟುತ್ತಿರಬೇಕು, ಪಲ್ಯ ಬೇರೆ ಇರಬೇಕು, ನಂಚಿಕೊಳ್ಳಲು ಗೊಜ್ಜೋ ಚಟ್ನಿಯೋ ಇರಬೇಕು. ಒಂದು ಕಡಿಮೆಯಾದರೂ ತಟ್ಟೆಯನ್ನು ಅಂಗೈಯಿಂದ ಮುಂದಕ್ಕೆ ತಳ್ಳಿ ಎದ್ದುಬಿಡುತ್ತಿದ್ದರು. ಬೈಯುತ್ತಿರಲಿಲ್ಲ. ಆ ತಟ್ಟೆ ನೆಲದ ಮೇಲೆ ಜಾರುವ ಸದ್ದೇ ಸಾಕಾಗಿತ್ತು. ಅಮ್ಮ ಬೆಳಿಗ್ಗೆ ಹಿಪ್ಪುನೇರಳೆ ತೋಟದಲ್ಲಿ ಸೊಪ್ಪು ಕೊಯ್ದು ಹೊತ್ತು ತಂದು, ಹುಳುವಿಗೆ ಹಾಕಿ, ಅಡುಗೆ ಮಾಡಿ, ಎಲ್ಲರಿಗೂ ಬಡಿಸಿ, ಕೊನೆಗೆ ತಾನು ಒಲೆಯ ಮುಂದೆ ಕುಕ್ಕರಗಾಲಲ್ಲಿ ಕೂತು ಪಾತ್ರೆಯಿಂದಲೇ ಎರಡು ತುತ್ತು ತಿನ್ನುತ್ತಿದ್ದಳು. ಅಮ್ಮನಿಗೆ ತಟ್ಟೆ ಇರಲಿಲ್ಲವೇನೋ ಎಂದೇ ನಾನು ಬಹಳ ವರ್ಷ ಅಂದುಕೊಂಡಿದ್ದೆ.

ಕೊನೆಯ ಜ್ವರ ಕಳೆದ ಮೇಲಿನ ವಾರ ಮಾತ್ರ ಮನೆಯ ಗಾಳಿಯೇ ಬದಲಾಗುತ್ತಿತ್ತು. ಕೆಲಸ ದುಪ್ಪಟ್ಟು, ನಿಜ. ಗಂಡಸರು ಹೆಂಗಸರು ಎನ್ನದೆ ಎಲ್ಲರೂ ಸೊಪ್ಪು ಹೊರಬೇಕು, ಹುಳುವಿನ ಹಿಕ್ಕೆ ತೆಗೆಯಬೇಕು, ಮತ್ತೆ ಸೊಪ್ಪು ಹಾಕಬೇಕು. ಆದರೆ ಅಡುಗೆ ಎಂದರೆ ಬರೀ ಬೇಳೆಕಟ್ಟು, ಮುದ್ದೆ, ಮೊಸರು, ಉಪ್ಪಿನಕಾಯಿ. ತಾತ ಕಮಕ್ ಕಿಮಕ್ ಎನ್ನದೆ ತಿನ್ನುತ್ತಿದ್ದರು. ಅಜ್ಜಿಯ ಬಾಯಲ್ಲಿ ಆ ವಾರ ಒಂದೇ ಮಾತು. ತಾತ ಬೀಡಿ ಹಚ್ಚಲು ಹೋದರೆ, ಅಪ್ಪ ಜೋರು ದನಿ ತೆಗೆದರೆ, ದೂರದ ನೆಂಟರು ಬಂದು ಝಾಂಡಾ ಹೂಡುವ ಸೂಚನೆ ಕಂಡರೆ, ಅದೇ ಮಾತು.

"ಹುಳಕ್ಕಾಗಲ್ಲ."

ಅಷ್ಟು ಹೇಳಿದರೆ ಮುಗಿಯಿತು, ಅದಕ್ಕೆ ಅಪೀಲಿಲ್ಲ. ಬೀಡಿ ಕಿವಿಯ ಹಿಂದಕ್ಕೆ ಹೋಗುತ್ತಿತ್ತು, ದನಿ ತಗ್ಗುತ್ತಿತ್ತು, ನೆಂಟರು ಸಂಜೆಯ ಬಸ್ಸಿಗೆ ಹೊರಡುತ್ತಿದ್ದರು. ಆ ವಾರ ನನಗೆ ಹಬ್ಬಕ್ಕಿಂತ ಇಷ್ಟ. ಯಾಕೆ ಇಷ್ಟ ಎಂದು ಆಗ ಹೇಳಲು ಬರುತ್ತಿರಲಿಲ್ಲ.

ಇಂಥ ಮನೆಗೆ ಚಿಕ್ಕಮ್ಮ ಬಂದಳು. ಅವಳ ತವರು ತೊಂಡೇಬಾವಿ, ಗೌರಿಬಿದನೂರಿನ ಕಡೆ. ಅವರದು ಕಡಲೆಕಾಯಿ, ಮುಸುಕಿನ ಜೋಳ ಬೆಳೆಯುವ ಮನೆ. ರೇಷ್ಮೆಸೀರೆ ಕಂಡಿದ್ದಳೇ ಹೊರತು ಹುಳು ಕಂಡವಳಲ್ಲ. ಎಸ್ಸೆಸ್ಸೆಲ್ಸಿ ಪಾಸಾಗಿದ್ದಳು. ಟ್ರಂಕಿನ ತಳದಲ್ಲಿ ಹಳೆಯ ವಾರಪತ್ರಿಕೆಗಳನ್ನು ತಂದಿದ್ದಳು, ಅವನ್ನು ನನಗೆ ಓದಿ ಹೇಳುತ್ತಿದ್ದಳು. ಆದರೆ ನಾನು ಅವಳಿಗೆ ಅಂಟಿಕೊಂಡದ್ದು ಪತ್ರಿಕೆಗಾಗಿ ಅಲ್ಲ. ನನ್ನದು ಪ್ರಶ್ನೆ ಕೇಳುವ ಬಾಯಿ. ಹುಳುವಿಗೆ ಕಿವಿ ಇದೆಯಾ, ಚಂದ್ರಿಕೆ ಯಾಕೆ ಸುರುಳಿಯಾಗಿದೆ, ಸಂತೆ ಯಾಕೆ ಅದೇ ವಾರವೇ ನಡೆಯಬೇಕು. ಅಮ್ಮ "ಹಂಗೇ ಕಣೇ" ಅನ್ನುತ್ತಿದ್ದಳು, ಅಪ್ಪ "ಹೋಗ್ ಓದ್ಕೋ ಹೋಗು" ಅನ್ನುತ್ತಿದ್ದ, ತಾತನನ್ನು ಕೇಳುವ ಧೈರ್ಯವೇ ಇರಲಿಲ್ಲ. ಚಿಕ್ಕಮ್ಮ ಒಬ್ಬಳೇ ಬೇರೆ ಉತ್ತರ ಕೊಟ್ಟವಳು.

"ನಂಗೂ ಗೊತ್ತಿಲ್ಲ ಕಣೇ ಲಲ್ತಾ. ಬಾ, ನೋಡಣ."

ದೊಡ್ಡವರೊಬ್ಬರು ಗೊತ್ತಿಲ್ಲ ಎಂದು ಹೇಳಬಹುದು ಎಂಬುದೇ ನನಗೆ ಹೊಸದು. ಅವಳು ಬಂದ ಒಂದೆರಡು ತಿಂಗಳಲ್ಲೇ ನಾನು ಅವಳ ಸೆರಗು ಹಿಡಿದುಕೊಂಡು ಓಡಾಡುವ ಹಾಗಾಗಿದ್ದೆ. ಆಷಾಢ ಬಂತು, ಹೊಸ ಸೊಸೆ ಅತ್ತೆಯ ಮನೆಯಲ್ಲಿ ಇರಬಾರದೆಂದು ತವರಿಗೆ ಕಳಿಸಿದರು. ಆ ತಿಂಗಳು ಉಣ್ಣಲು ಕೂತರೂ ನನಗೆ ಅವಳದೇ ನೆನಪು.

ಅವಳು ಶ್ರಾವಣದ ಮೊದಲಲ್ಲಿ ಚಿಕ್ಕಪ್ಪನ ಜೊತೆ ಬಸ್ಸಿಳಿದು ಬಂದಾಗ ಹುಳು ಕೊನೆಯ ಜ್ವರದಿಂದ ಎದ್ದು ಕೂತಿದ್ದವು, ಸೌಟು ಅಟ್ಟದ ಮೇಲಿತ್ತು. ಆಷಾಢಕ್ಕೆ ಮುಂಚೆ ಅವಳಿದ್ದ ದಿನಗಳಲ್ಲಿ ಹುಳು ಆ ಹಂತಕ್ಕೆ ಬಂದಿರಲಿಲ್ಲ, ಅವಳಿಗೆ ಆ ನಿಯಮವನ್ನು ಯಾರೂ ಹೇಳಲಿಲ್ಲ. ಹೇಳಬೇಕೆಂದು ಹೊಳೆಯಲೂ ಇಲ್ಲ, ಊರಲ್ಲಿ ಎಲ್ಲರಿಗೂ ಹುಟ್ಟುತ್ತಲೇ ಗೊತ್ತಿರುವ ವಿಷಯವಲ್ಲವೆ. ಅವಳು ಮಧ್ಯಾಹ್ನ ಊಟಕ್ಕೆ ಕೂತಳು, ಸಾರಿಗೆ ಒಗ್ಗರಣೆ ಇಲ್ಲ. ಮರುದಿನವೂ ಇಲ್ಲ. ಅವಳ ತವರಿನ ಕಡೆ ಒಗ್ಗರಣೆ ಇಲ್ಲದ ಅಡುಗೆ ಮಾಡುವುದು ಸಾವಾದ ಮನೆಯಲ್ಲಿ, ಸೂತಕ ಕಳೆಯುವ ತನಕ. ಮದುವೆಯಾಗಿ ಮೊದಲ ಶ್ರಾವಣಕ್ಕೆ ಗಂಡನ ಮನೆಗೆ ಬಂದವಳ ಎದುರಿಗೆ ಸೂತಕದ ಸಾರು. ಪಾಪ, ಅವಳು ಹೆದರಿಬಿಟ್ಟಿದ್ದಾಳೆ. ಕೇಳಲು ಬಾಯಿ ಬರಲಿಲ್ಲ. ಮೂರನೆಯ ದಿನ ನಾವೆಲ್ಲ ತೋಟಕ್ಕೆ ಹೋಗಿದ್ದಾಗ, ದಣಿದ ಅಕ್ಕ, ಅಂದರೆ ನಮ್ಮಮ್ಮ, ಮರೆಯುತ್ತಿದ್ದಾಳೆ, ತಾನೇ ಮಾಡಿಟ್ಟರೆ ಅಪಶಕುನವೂ ಕಳೆಯುತ್ತದೆ, ಎಲ್ಲರಿಗೂ ಖುಷಿಯೂ ಆಗುತ್ತದೆ ಎಂದುಕೊಂಡು ಹುರುಳಿಕಾಳಿನ ಬಸ್ಸಾರು ಮಾಡಿದಳು. ಸೌಟಿಗಾಗಿ ಅಡುಗೆಮನೆಯೆಲ್ಲ ಹುಡುಕಿದಳು. ಅಟ್ಟದ ಮೇಲೆ ಸಿಕ್ಕಿತು. ಯಾರೋ ಮರೆತು ಇಟ್ಟಿದ್ದಾರೆ ಎಂದುಕೊಂಡಳು.

ನಾವು ತಲೆಯ ಮೇಲೆ ಸೊಪ್ಪಿನ ಹೊರೆ ಹೊತ್ತು ಓಣಿಗೆ ತಿರುಗಿದಾಗಲೇ ಘಮ್ಮೆಂದು ಬಡಿಯಿತು. ಸಾಸಿವೆ, ಜಜ್ಜಿದ ಬೆಳ್ಳುಳ್ಳಿ, ಒಣಮೆಣಸಿನಕಾಯಿ, ಕರಿಬೇವು. ಮೂರು ದಿನ ಸಪ್ಪೆ ತಿಂದ ಬಾಯಿ, ನನಗೆ ಮೊದಲು ಜೊಲ್ಲೇ ಬಂತು ಎಂದು ಹೇಳದಿದ್ದರೆ ಸುಳ್ಳಾಗುತ್ತದೆ. ಯಾರದೋ ಮನೆಯದು ಎಂದುಕೊಂಡೆವು. ಹತ್ತಿರ ಬಂದ ಹಾಗೆ ಅದು ನಮ್ಮ ಮನೆಯದೇ ಎಂದು ಗೊತ್ತಾಗಿ ತಾತ ಹೊರೆಯನ್ನು ಬೀದಿಯಲ್ಲೇ ಕೆಡವಿ ಓಡಿದರು. ಅಮ್ಮ ಕಿಟಕಿ ಬಾಗಿಲುಗಳನ್ನೆಲ್ಲ ತೆರೆದು, ಗೋಣಿತಾಟು ನೆನೆಸಿ ನಡುಮನೆಯ ಬಾಗಿಲಿಗೆ ಇಳಿಬಿಟ್ಟಳು. ಅಪ್ಪ ಟವೆಲ್ಲಿನಿಂದ ಗಾಳಿ ಬೀಸುತ್ತ ಹೊಗೆ ಓಡಿಸುತ್ತಿದ್ದ. ಚಿಕ್ಕಮ್ಮ ಸೌಟು ಹಿಡಿದುಕೊಂಡು ಅಡುಗೆಮನೆಯ ಬಾಗಿಲಲ್ಲಿ ನಗುಮುಖದಲ್ಲೇ ನಿಂತಿದ್ದಳು. ಯಾಕೆ ಎಲ್ಲರೂ ಓಡುತ್ತಿದ್ದಾರೆ ಎಂದು ಅವಳಿಗೆ ತಿಳಿದಿರಲಿಲ್ಲ. ಆ ನಗು ನಿಧಾನವಾಗಿ ಆರಿದ್ದನ್ನು ನಾನು ನೋಡಿದೆ. ತಾತ ಅವಳತ್ತ ತಿರುಗಲೂ ಇಲ್ಲ. ಚಿಕ್ಕಪ್ಪನಿಗೆ ಹೇಳಿದರು.

"ಗೂಡು ಕಟ್ಟಿದ್ರೆ ಸರಿ. ಕಟ್ಲಿಲ್ವೋ, ಅವಳನ್ನ ಕರ್ಕೊಂಡೋಗಿ ತೊಂಡೇಬಾವೀಲಿ ಬಿಟ್ ಬಾ. ಮತ್ತೆ ಕರ್ಕೊಂಡ್ ಬರ್ಬೇಡ."

ಚಿಕ್ಕಪ್ಪ ಕಂಬವನ್ನು ಉಗುರಿನಿಂದ ಕೆರೆಯುತ್ತ ನಿಂತಿದ್ದ. ತಾತ ಆಡಿದ ಮಾತಿಗೆ ತಪ್ಪುವವರಲ್ಲ, ಚಿಕ್ಕಪ್ಪ ಅವರಿಗೆ ಎದುರಾಡುವವನಲ್ಲ, ಇವೆರಡೂ ನನಗೆ ಗೊತ್ತಿತ್ತು. ಅಜ್ಜಿ ಚಿಕ್ಕಮ್ಮನ ಕೈಯಿಂದ ಸೌಟು ತೆಗೆದುಕೊಂಡಳು, ಬೂದಿ ಹಾಕಿ ಉಜ್ಜಿದಳು, ಮಣೆ ಹತ್ತಿ ಮತ್ತೆ ಅಟ್ಟದ ಮೇಲಿಟ್ಟಳು. ಸಾರನ್ನು ಚೆಲ್ಲಲಿಲ್ಲ. ಮಧ್ಯಾಹ್ನ ಅದನ್ನೇ ಬಡಿಸಿದರು. ತಾತ ಮುಖ ಗಂಟಿಕ್ಕಿಕೊಂಡೇ ಎರಡನೆಯ ಮುದ್ದೆ ಕೇಳಿ ಹಾಕಿಸಿಕೊಂಡರು.

ಮರುದಿನ ಮೋಡ ಕವಿದು ತಣ್ಣಗಾಯಿತು, ಹುಳು ಮಂಕಾದವು. ಹಾಕಿದ ಸೊಪ್ಪು ಅರ್ಧ ಹಾಗೇ ಉಳಿಯಿತು. ತಾತ ತಟ್ಟೆ ತಟ್ಟೆಯ ಮುಂದೆ ನಿಂತು, ಬಾಡಿದ ಎಲೆ ಎತ್ತಿ ತೋರಿಸಿ ಕೆಳಗೆ ಹಾಕುತ್ತಿದ್ದರು. ಚಿಕ್ಕಮ್ಮನನ್ನು ನಡುಮನೆಗೆ ಬಿಟ್ಟುಕೊಳ್ಳಲಿಲ್ಲ. ಅವಳು ಕೊಟ್ಟಿಗೆಯ ಕೋಣೆಯಲ್ಲಿ ಟ್ರಂಕಿಗೆ ಬಟ್ಟೆ ತುಂಬಿ ಸಿದ್ಧವಾಗಿ ಕೂತಿದ್ದಳು. ವಾರಪತ್ರಿಕೆಗಳನ್ನು ಮಾತ್ರ ಹೊರಗೆ ಇಟ್ಟಿದ್ದಳು.

"ಇವು ನಿಂಗೆ ಇರ್ಲಿ. ನಾನು ಹೋದ್ಮೇಲೆ ಓದ್ಕೋ."

ನನಗೆ ಅಳು ಬಂತು, ಅಳಲಿಲ್ಲ. ಸೀದಾ ನಡುಮನೆಗೆ ಹೋಗಿ ಹುಳುವಿನ ಎದುರಿಗೆ ಕೂತೆ. ಬಾ, ನೋಡಣ ಎಂದು ಅವಳೇ ಕಲಿಸಿದ್ದಲ್ಲವೆ, ಈಗ ಅವಳ ಪರವಾಗಿ ನಾನೇ ನೋಡುವುದೆಂದು ತೀರ್ಮಾನಿಸಿದೆ. ಒಂದು ಹೊತ್ತಿಡೀ ಕೂತು ನೋಡಿದ ಮೇಲೆ ಕಂಡದ್ದು ಇದು. ಒಗ್ಗರಣೆಯ ಹೊಗೆ ಮೊದಲು ಬಡಿದದ್ದು ಅಡುಗೆಮನೆಯ ಗೋಡೆಗೆ ಒತ್ತಿದ್ದ ತಟ್ಟೆಗಳಿಗೆ. ಆ ತಟ್ಟೆಗಳ ಹುಳು ಒಲೆಯಿಂದ ಬೆಚ್ಚಗಿದ್ದ ಗೋಡೆಯ ಪಕ್ಕ ಗಸಗಸನೆ ತಿನ್ನುತ್ತಿದ್ದವು. ಮಂಕಾಗಿ ಕೂತಿದ್ದವು ಬೀದಿಯ ಕಡೆಯ ಕಿಟಕಿಯ ಹತ್ತಿರದವು, ಹೊಗೆ ಕೊನೆಗೆ ತಲುಪಿದ ಕಡೆಯವು. ಒಗ್ಗರಣೆ ಕಾರಣವಾದರೆ ಉಲ್ಟಾ ಆಗಬೇಕಿತ್ತು. ಕಿಟಕಿ ತೆರೆದಿಟ್ಟಿದ್ದರಿಂದ ಅವಕ್ಕೆ ಚಳಿ ಹಿಡಿದಿದೆ ಅಷ್ಟೆ. ಓಡಿಹೋಗಿ ಹಿತ್ತಲಲ್ಲಿದ್ದ ಅಜ್ಜಿಯ ಕೈ ಹಿಡಿದು ಎಳೆದು ತಂದು ತೋರಿಸಿದೆ.

ಅಜ್ಜಿ ಈ ಕಡೆಯ ತಟ್ಟೆ ನೋಡಿದಳು, ಆ ಕಡೆಯ ತಟ್ಟೆ ನೋಡಿದಳು. ಎದ್ದುಹೋಗಿ ಬೀದಿಯ ಕಿಟಕಿ ಮುಚ್ಚಿದಳು. ಅವಳು ಚಿಂತಾಮಣಿಯ ಆಚೆಯವಳು, ಬಾಯಲ್ಲಿ ತೆಲುಗು ಕನ್ನಡ ಎರಡೂ ಒಟ್ಟಿಗೇ ಬರುತ್ತಿದ್ದವು.

"ನಂಗೂ ಕಣ್ಣೈತಮ್ಮ, ಕಾಣ್ಸುತ್ತೆ. ಊರ್ಕೋ, ಸುಮ್ನಿರು. ತಾತಂಗೆ ಹೇಳ್ಬೇಡ."

"ಹೇಳ್ದಿದ್ರೆ ಚಿಕ್ಕಮ್ಮನ್ನ ಕಳಿಸ್ಬಿಡ್ತಾರೆ ಅಜ್ಜಿ!"

"ಕಳ್ಸಲ್ಲ. ನಾನಿದೀನಿ. ನೀನು ಬಾಯ್ ಬಿಟ್ಯೋ, ನೋಡು."

ನನಗೆ ಅಜ್ಜಿಯ ಮೇಲೆ ಅಷ್ಟು ಸಿಟ್ಟು ಯಾವತ್ತೂ ಬಂದಿರಲಿಲ್ಲ. ಕಣ್ಣೆದುರಿಗೆ ಸಾಕ್ಷಿ ಇದೆ, ಹೇಳಿದರೆ ಚಿಕ್ಕಮ್ಮ ಉಳಿಯುತ್ತಾಳೆ, ಇವಳು ಬಾಯಿ ಮುಚ್ಚಿಸುತ್ತಾಳೆ. ಆದರೂ ಅಜ್ಜಿಯ ಮಾತು ಮೀರುವ ಎದೆಗಾರಿಕೆ ನನಗಿರಲಿಲ್ಲ, ಬಾಯಿ ಬಿಡಲಿಲ್ಲ. ಕಿಟಕಿ ಮುಚ್ಚಿ, ಅಗ್ಗಿಷ್ಟಿಕೆಯಲ್ಲಿ ಇದ್ದಿಲು ಹಾಕಿ ಆ ಕಡೆ ಇಟ್ಟ ಮೇಲೆ ಹುಳು ತಲೆಯಾಡಿಸಿದವು, ನಿಧಾನವಾಗಿ ಸೊಪ್ಪಿಗೆ ಬಾಯಿ ಹಾಕಿದವು. ಬಿಸಿಲೂ ಬಂತು. ಒಂದು ಬೆಳಿಗ್ಗೆ ಅಮ್ಮ ನಡುಮನೆಯಿಂದ ಕೂಗಿದಳು.

"ಹಣ್ಣಾಗವೆ! ಎಲ್ಲಾ ಬನ್ರೋ, ಹಣ್ಣಾಗವೆ!"

ಹಣ್ಣು ಹುಳುವನ್ನು ಬೆಳಕಿಗೆ ಹಿಡಿದರೆ ಮೈಯೊಳಗೆ ಹಳದಿ ಬೆಳಕು ಹಾಯುತ್ತದೆ. ಅವನ್ನು ಆಯ್ದು ಆಯ್ದು ಚಂದ್ರಿಕೆಗೆ ಬಿಡುವುದಕ್ಕೆ ಮನೆಯ ಕೈಗಳು ಸಾಲವು, ಸ್ವಲ್ಪ ತಡವಾದರೂ ತಟ್ಟೆಯಲ್ಲೇ ನೂಲು ಬಿಟ್ಟು ಹಾಳಾಗುತ್ತವೆ. ಆ ಗಡಿಬಿಡಿಯಲ್ಲಿ ಯಾರು ಕರೆದರೋ, ಚಿಕ್ಕಮ್ಮನೂ ಬಂದು ಕೂತು ಆಯುತ್ತಿದ್ದಳು. ತಾತ ನೋಡಿದರು, ಬೇಡ ಅನ್ನಲಿಲ್ಲ. ಎರಡು ದಿನ ಕಳೆಯುವಷ್ಟರಲ್ಲಿ ಅಂಗಳದ ಚಂದ್ರಿಕೆಗಳಲ್ಲಿ ಗೂಡು ತುಂಬಿ ಹಳದಿ ಹೂವು ಮುಡಿದ ಹಾಗಿತ್ತು. ತಾತ ಒಂದು ಗೂಡು ಬಿಡಿಸಿ ಬೆರಳಲ್ಲಿ ಒತ್ತಿದರು. ಕಲ್ಲಿನ ಹಾಗಿತ್ತು. ಅವರ ಮುಖದಲ್ಲಿ ಸಂತೋಷಕ್ಕಿಂತ ಪೇಚಾಟ ಹೆಚ್ಚು ಕಂಡಿತು. ಗೂಡು ಕಟ್ಟಿದೆ ಅಂದಮೇಲೆ ಒಗ್ಗರಣೆಯ ಮಾತು ಏನಾಯಿತು? ಇಷ್ಟು ವರ್ಷ ನಂಬಿದ್ದು ಸುಳ್ಳೆ? ಅಥವಾ ತಾವು ಸೊಸೆಯನ್ನು ಕಳಿಸುವ ಮಾತಾಡಿದ್ದು ತಪ್ಪೆ? ಎರಡರಲ್ಲಿ ಯಾವುದನ್ನೂ ಅವರು ನುಂಗುವ ಹಾಗಿರಲಿಲ್ಲ. ಆಗ ಅಜ್ಜಿ, ಚಂದ್ರಿಕೆ ಸರಿಮಾಡುತ್ತ, ಯಾರಿಗೂ ಹೇಳದವಳ ಹಾಗೆ ಹೇಳಿದಳು.

"ಹೊಸ ಸೊಸೆ ಹಾಕೋ ಮೊದಲ್ನೇ ಒಗ್ಗರಣೆ ಹುಳಕ್ಕೆ ತಗಲಲ್ಲ. ನಮ್ಮತ್ತೆ ಹೇಳೋರು."

ಅಜ್ಜಿಯ ಅತ್ತೆ ಎಂದರೆ ತಾತನ ತಾಯಿ. ತಾತ ಒಂದು ಗಳಿಗೆ ಅಜ್ಜಿಯ ಮುಖ ನೋಡಿದರು. ಆಮೇಲೆ ಮೈಯೆಲ್ಲ ಸಡಿಲವಾಗಿ, ಕಿವಿಯ ಹಿಂದಿನ ಬೀಡಿ ತೆಗೆದುಕೊಂಡರು.

"ಹೂಂ ಮತ್ತೆ. ನಮ್ಮಮ್ಮ ಹೇಳ್ತಾ ಇದ್ಲು. ಮರ್ತೇ ಹೋಗಿತ್ತು ನೋಡು."

ಅಜ್ಜಿ ಚಿಕ್ಕಮ್ಮನ ಕಡೆ ತಿರುಗಿದಳು.

"ಆ ಟ್ರಂಕು ಯಾಕೆ ದಾರಿಗಡ್ಡ ಇಟ್ಕೊಂಡಿದೀಯ? ಮಂಚದ ಕೆಳಕ್ಕೆ ತಳ್ಳು. ಚಂದ್ರಿಕೆ ಇಡಕ್ಕೆ ಜಾಗ ಇಲ್ಲ ಕೊಟ್ಟಿಗೇಲಿ."

ಟ್ರಂಕು ಮಂಚದ ಕೆಳಗೆ ಹೋದ ಸದ್ದು ನನಗೆ ಇವತ್ತಿಗೂ ಕಿವಿಯಲ್ಲಿದೆ. ನಾನು ಹೋಗಿ ಚಿಕ್ಕಮ್ಮನ ಸೊಂಟವನ್ನು ತಬ್ಬಿಕೊಂಡು, ಅಷ್ಟು ದಿನ ತಡೆದಿದ್ದನ್ನೆಲ್ಲ ಅತ್ತುಬಿಟ್ಟೆ. ಅಷ್ಟು ಹಗುರವಾದ ಅಳು ಆಮೇಲೆ ಅತ್ತಿಲ್ಲ. ಗೂಡನ್ನು ಶಿಡ್ಲಘಟ್ಟದ ಮಾರುಕಟ್ಟೆಗೆ ಹಾಕಲು ಹೋದಾಗ ತಾತ ನನ್ನನ್ನೂ ಕರೆದುಕೊಂಡು ಹೋದರು. ನಮ್ಮ ಗೂಡನ್ನು ಬಹಳ ವರ್ಷಗಳಿಂದ ಕೊಳ್ಳುತ್ತಿದ್ದ ನೂಲು ಬಿಚ್ಚುವ ಬಶೀರ್ ಸಾಹೇಬರು ಒಂದು ಗೂಡನ್ನು ಕಿವಿಯ ಹತ್ತಿರ ಅಲ್ಲಾಡಿಸಿ ನೋಡಿ ಹುಬ್ಬೇರಿಸಿದರು.

"ಕ್ಯಾ ಗೌಡ್ರೆ, ಏನ್ ಹಾಕಿದ್ರಿ ಈ ಸಲ ಹುಳಕ್ಕೆ? ಗಟ್ಟಿ ಐತಲ್ಲ ಮಾಲು!"

"ಸೊಪ್ಪು ಬಿಟ್ರೆ ಇನ್ನೇನ್ ಹಾಕ್ತಾರೆ ಸಾಬ್ರೆ," ಎಂದು ತಾತ ಗಂಭೀರವಾಗಿ ಹೇಳಿ, ನನ್ನ ಕಡೆ ತಿರುಗಿ, ಮೀಸೆಯ ಕೆಳಗೆ ಸಣ್ಣಗೆ ನಕ್ಕರು.

ಮುಂದೆ ಓದಲು ಹೋದಾಗ ಆ ಅಂಗಳವನ್ನು ನಾನು ಪುಸ್ತಕಗಳಲ್ಲಿ ಮತ್ತೆ ಮತ್ತೆ ಕಂಡೆ. ದೇಶದ ಸಂಪತ್ತೆಂದರೆ ಕೂಡಿಟ್ಟ ಚಿನ್ನ ಬೆಳ್ಳಿಯೇ ಎಂದವರು, ಬೇಸಾಯವೊಂದೇ ಹುಟ್ಟಿಸುತ್ತದೆ ಮಿಕ್ಕವರೆಲ್ಲ ಉಣ್ಣುತ್ತಾರೆ ಎಂದವರು, ಕೂಲಿಗೆಂದೇ ಒಂದು ಗಂಟು ಮೊದಲೇ ಕಟ್ಟಿಟ್ಟಿರುತ್ತದೆ ಅದು ಹಿಗ್ಗದು ಎಂದವರು, ಎಲ್ಲರೂ ಘನ ಪಂಡಿತರು. ಅವರ ಮಾತಿಗೆ ಎದುರಾಗಿ ಲೋಕ ನಡೆದುಕೊಂಡಾಗ ಕೆಲವರು ಮಾತು ಹಿಂತೆಗೆದುಕೊಂಡರು. ಹೆಚ್ಚಿನವರು ಮಾತ್ರ ನಮ್ಮಜ್ಜಿಯ ಹಾಗೆ ಒಂದು ಬಾಲಂಗೋಚಿ ಸೇರಿಸಿದರು. ನಮ್ಮ ಸಿದ್ಧಾಂತ ಸರಿಯೇ, ಆದರೆ ಇಂಥ ಸಂದರ್ಭದಲ್ಲಿ ತಗಲುವುದಿಲ್ಲ ಅಷ್ಟೆ. ನಾನು ಇದಕ್ಕೆ ಹೊಸ ಸೊಸೆಯ ಒಗ್ಗರಣೆ ಎಂದು ಹೆಸರಿಟ್ಟೆ. ತರಗತಿಯಲ್ಲಿ ಯಾವ ಪಂಡಿತನ ಬಾಲಂಗೋಚಿ ಬಂದರೂ ಹಿಂದಿನ ಬೆಂಚಿನಿಂದ "ಮೇಡಂ, ಒಗ್ಗರಣೆ" ಎಂಬ ಕೂಗು ಬರುತ್ತಿತ್ತು. ನನಗೆ ಅದು ಹೆಮ್ಮೆ. ಆದರೆ ಪಾಠ ಮುಗಿದ ಮೇಲೆ ಒಳಗೆಲ್ಲೋ ಒಂದು ಮುಳ್ಳು. ಅಷ್ಟು ಜಾಣೆಯಾದ ಅಜ್ಜಿ ತನ್ನ ಕಣ್ಣಾರೆ ಕಂಡ ಸತ್ಯವನ್ನು ಯಾಕೆ ಮುಚ್ಚಿದಳು? ಬರೀ ತಾತನ ಭಯವೆ? ಹಾಗಿದ್ದರೆ ಅದು ನನಗೆ ದುಃಖದ ವಿಷಯ.

ಕೆಲಸದಿಂದ ನಿವೃತ್ತಿಯಾದ ಮೇಲೆ ಈಗ ವರ್ಷಕ್ಕೊಮ್ಮೆ ಮೈಸೂರಿನಿಂದ ಊರಿಗೆ ಹೋಗಿ ಚಿಕ್ಕಮ್ಮನ ಜೊತೆ ಇದ್ದು ಬರುತ್ತೇನೆ. ಚಿಕ್ಕಪ್ಪ ತೀರಿಕೊಂಡಿದ್ದಾನೆ. ಮನೆಯ ಯಜಮಾನಿಕೆ ಅವಳದೇ. ಮಗ ಮಂಜು ಹುಳು ಮೇಯಿಸುತ್ತಾನೆ, ಅವನ ಹೆಂಡತಿ ರೂಪ ಅವನಿಗಿಂತ ಚೆನ್ನಾಗಿ ಮೇಯಿಸುತ್ತಾಳೆ. ನಡುಮನೆಯಲ್ಲಿ ಈಗ ಸೋಫಾ, ಟಿವಿ ಇವೆ. ಹುಳು ಊರಾಚೆ ಬೋರ್‌ವೆಲ್ಲಿನ ಹತ್ತಿರ ಕಟ್ಟಿಸಿದ ಶೆಡ್ಡಿಗೆ ಹೋಗಿವೆ. ಕಳೆದ ಸಲ ನಾನು ಹೋದಾಗ ಹುಳು ಕೊನೆಯ ಜ್ವರದಿಂದ ಎದ್ದಿದ್ದವು. ಮಧ್ಯಾಹ್ನ ಊಟಕ್ಕೆ ಕೂತೆ. ಸಾರಿಗೆ ಒಗ್ಗರಣೆ ಇರಲಿಲ್ಲ. ತಲೆಯೆತ್ತಿ ನೋಡಿದೆ. ಗ್ಯಾಸ್ ಒಲೆ, ಮಿಕ್ಸಿ, ಫ್ರಿಜ್ಜು, ಎಲ್ಲದರ ಮೇಲೆ ಅಟ್ಟದ ಅಂಚಿನಲ್ಲಿ ಅದೇ ಸೌಟಿನ ಹಿಡಿ ಇಣುಕುತ್ತಿತ್ತು.

ನಗು ಬಂತು. ಯಾರ ಒಗ್ಗರಣೆಯಿಂದ ಆ ನಿಯಮ ಸುಳ್ಳಾಗಿತ್ತೋ ಅವಳೇ ಅದನ್ನು ಕಾಯುತ್ತಿದ್ದಾಳೆ. ಶೆಡ್ಡು ಅಷ್ಟು ದೂರ, ಇಲ್ಲಿಯ ವಾಸನೆ ಅಲ್ಲಿಗೆ ಹೋಗುತ್ತದಾ ಚಿಕ್ಕಮ್ಮ ಎಂದು ಕೇಳಬೇಕೆಂದು ಬಾಯಿ ತೆರೆದವಳು ಸುಮ್ಮನಾದೆ. ಚಿಕ್ಕಮ್ಮ ಮತ್ತು ರೂಪ ನನ್ನ ಜೊತೆಯಲ್ಲೇ ತಟ್ಟೆ ಹಾಕಿಕೊಂಡು ಕೂತಿದ್ದರು. ಬೆಳಗ್ಗಿನಿಂದ ಶೆಡ್ಡಿನಲ್ಲಿ ಸೊಪ್ಪು ಹಾಕಿ ಬಂದ ಕಾಲುಗಳನ್ನು ಮುಂದಕ್ಕೆ ಚಾಚಿ, ಗೋಡೆಗೆ ಬೆನ್ನು ಕೊಟ್ಟು, ತಣ್ಣನೆಯ ಮೊಸರನ್ನವನ್ನು ನಿಧಾನವಾಗಿ ಉಣ್ಣುತ್ತಿದ್ದರು. ಒಲೆ ಆರಿತ್ತು. ಯಾರೂ ಬಡಿಸಲು ಏಳುತ್ತಿರಲಿಲ್ಲ. ಆಗ ನನಗೆ ಅಮ್ಮನ ತಟ್ಟೆ ನೆನಪಾಯಿತು. ಅಮ್ಮನಿಗೂ ಒಂದು ತಟ್ಟೆ ಇತ್ತು. ಸೌಟು ಅಟ್ಟದ ಮೇಲಿದ್ದ ದಿನಗಳಲ್ಲಿ ಅವಳೂ ನಮ್ಮ ಜೊತೆಗೇ ಕೂತು, ಅದೇ ತಟ್ಟೆಯಲ್ಲಿ, ಬಿಸಿಯಿರುವಾಗಲೇ ಉಣ್ಣುತ್ತಿದ್ದಳು. ಅದಕ್ಕೇ ನನಗೆ ಆ ವಾರ ಅಷ್ಟು ಇಷ್ಟವಾಗುತ್ತಿದ್ದುದು. ನಾನು ಕಂಡ ಸಾಕ್ಷಿಯನ್ನು ತಾತ ಒಪ್ಪಿದ್ದರೆ ಚಿಕ್ಕಮ್ಮ ಉಳಿಯುತ್ತಿದ್ದಳು, ಆದರೆ ಮುಂದಿನ ಬೆಳೆಯಿಂದ ಸೌಟು ಅಟ್ಟ ಹತ್ತುತ್ತಿರಲಿಲ್ಲ. ಅಜ್ಜಿಗೆ ಸೊಸೆಯೂ ಬೇಕಿತ್ತು, ಆ ದಿನಗಳೂ ಬೇಕಿದ್ದವು. ಆ ಬಾಲಂಗೋಚಿ ಎರಡನ್ನೂ ಉಳಿಸಿಕೊಟ್ಟಿತು. ಹೆಂಗಸರ ಅಡುಗೆಯ ದಣಿವನ್ನು ಲೆಕ್ಕಕ್ಕೇ ತೆಗೆದುಕೊಳ್ಳದ ಪುಸ್ತಕಗಳನ್ನು ಬದುಕಿಡೀ ಓದಿ, ನಾನು ಅಜ್ಜಿಯನ್ನೂ ಅದೇ ಪುಸ್ತಕದ ಕಣ್ಣಿನಿಂದ ನೋಡಿದ್ದೆ. ಅವಳು ಹೆದರಿರಲಿಲ್ಲ. ಆ ಮುಳ್ಳು ಅಲ್ಲೇ ಕಳಚಿಬಿತ್ತು.

ಅಷ್ಟರಲ್ಲಿ ಮಂಜು ಶೆಡ್ಡಿನಿಂದ ಬಂದು ಕೈ ತೊಳೆದು, ಪಾತ್ರೆಯ ಮುಚ್ಚಳ ಎತ್ತಿ ನೋಡಿ, ಮುಖ ಸಿಂಡರಿಸಿದ.

"ಇವತ್ತೂ ಸಪ್ಪೇನಾ? ಅಮ್ಮಾ, ಶೆಡ್ಡು ಅಲ್ಲೆಲ್ಲೋ ಐತೆ. ಇಲ್ಲಿ ಸಾಸಿವೆ ಹಾಕಿದ್ರೆ ಹುಳಕ್ಕೆ ಫೋನ್ ಮಾಡಿ ಹೇಳ್ತಾರಾ ಯಾರಾದ್ರೂ? ನೀನೂ ಒಂದ್ಸಲ ಹಾಕಿದ್ಯಂತೆ, ಏನೂ ಆಗ್ಲಿಲ್ವಂತೆ."

ಚಿಕ್ಕಮ್ಮ ತಟ್ಟೆಯಿಂದ ತಲೆ ಎತ್ತಲಿಲ್ಲ.

"ಅದು ಹೊಸ ಸೊಸೆ ಹಾಕಿದ್ದು ಕಣಪ್ಪಾ. ಮೊದಲ್ನೇದು. ಅದು ತಗಲಲ್ಲ."

ರೂಪ ತುತ್ತು ಬಾಯಿಗಿಟ್ಟುಕೊಂಡು ನಗು ನುಂಗಿದಳು. ಮಂಜು ನನ್ನ ಕಡೆ ತಿರುಗಿದ.

"ಲಲ್ತಕ್ಕ, ನೀನು ಓದ್ದೋಳು. ಊರೂರಿಗೆ ಪಾಠ ಹೇಳಿರೋಳು. ನೀನೇ ಹೇಳು, ಇದು ನಿಜಾನಾ?"

ಚಿಕ್ಕಮ್ಮ ಆಗ ತಲೆಯೆತ್ತಿ ನನ್ನನ್ನು ನೋಡಿದಳು. ಅಂಗಳದಲ್ಲಿ ತಾತ ಅಜ್ಜಿಯ ಮುಖ ನೋಡಿದ ಆ ಗಳಿಗೆ ನನಗೆ ನೆನಪಾಯಿತು.

"ಹೂಂ ಮತ್ತೆ," ಎಂದೆ. "ಅಜ್ಜಿ ಹೇಳೋರು. ಅವರತ್ತೆನೂ ಹೇಳೋರಂತೆ."

ಅವನು ಗೊಣಗಿಕೊಂಡು ಬೈಕಿನ ಕೀ ತೆಗೆದುಕೊಂಡು ಶಿಡ್ಲಘಟ್ಟದ ಹೋಟೆಲಿಗೆ ಹೊರಟ. ಚಿಕ್ಕಮ್ಮ ಕೂತಲ್ಲಿಂದಲೇ ಕೈ ಚಾಚಿ ನನ್ನ ತಟ್ಟೆಗೆ ಇನ್ನೊಂದಿಷ್ಟು ಮೊಸರು ಹಾಕಿದಳು.